ಕ್ಯಾಮೆರಾ ನಿಲ್ಲುವ ಜಾಗ

ಒಬ್ಬರ ಕಷ್ಟವನ್ನು ಮತ್ತೊಬ್ಬರು ನೋಡುವುದು ಲೋಕದಲ್ಲಿ ಹೊಸದೇನೂ ಅಲ್ಲ. ನೆರೆಮನೆಯಲ್ಲಿ ದುಃಖವಾದರೆ ನಾವು ಒಳಗೆ ಹೋಗಿ ಕೂಡುತ್ತೇವೆ. ಇಲ್ಲವೇ ಕಂಡೂ ಕಾಣದವರಂತೆ ಹಾದುಹೋಗುತ್ತೇವೆ. ಎರಡರಲ್ಲಿ ಯಾವುದನ್ನು ಮಾಡಿದರೂ ಅದರ ಹೊಣೆ ನಮ್ಮದೇ ಆಗಿರುತ್ತದೆ. ಆದರೆ ನೋಡುವವರ ಕೈಯಲ್ಲಿ ಕ್ಯಾಮೆರಾ ಇದ್ದಾಗ ಈ ಹೊಣೆಯ ಲೆಕ್ಕವೇ ಬೇರೆಯಾಗುತ್ತದೆ. ಅವರು ಕಂಡದ್ದು ಅವರೊಬ್ಬರಲ್ಲಿ ಉಳಿಯದೆ, ಆ ಮನೆಯನ್ನು ಎಂದೂ ಕಾಣದ ಸಾವಿರಾರು ಜನರ ಮುಂದೆ ಹೋಗಿ ನಿಲ್ಲುತ್ತದೆ. ಹಾಗಾದರೆ ಅನ್ಯರ ಬದುಕನ್ನು ಚಿತ್ರಿಸಿಕೊಂಡು ಹೋಗುವವರು ಅವರಿಗೆ ಏನನ್ನಾದರೂ ತೀರಿಸಬೇಕೇ? ತೀರಿಸಬೇಕಾದುದು ಇದ್ದರೆ ಅದು ಯಾವ ಬಗೆಯ ಋಣ? ಸಾಕ್ಷ್ಯಚಿತ್ರಗಳ ಛಾಯಾಗ್ರಾಹಕರ ಕೆಲಸವನ್ನು ನಿಮಿತ್ತವಾಗಿಟ್ಟುಕೊಂಡು ಈ ಪ್ರಶ್ನೆಯನ್ನು ಇಲ್ಲಿ ವಿಚಾರಿಸಬೇಕೆಂದಿದ್ದೇವೆ.

ಕಥಾಚಿತ್ರದಲ್ಲಿ ಈ ಪ್ರಶ್ನೆ ಇಷ್ಟು ತೀಕ್ಷ್ಣವಾಗಿ ಏಳುವುದಿಲ್ಲ. ಅಲ್ಲಿ ಅಳುವವಳು ನಟಿ. ಅವಳ ಅಳುವಿಗೆ ಸಂಭಾವನೆ ಉಂಟು. ಚಿತ್ರೀಕರಣ ಮುಗಿದ ಮೇಲೆ ಅವಳು ತನ್ನ ಮನೆಗೆ ಹೋಗುತ್ತಾಳೆ. ಸಾಕ್ಷ್ಯಚಿತ್ರದಲ್ಲಿ ಅಳುವವಳಿಗೆ ಆ ಅಳುವೇ ಮನೆ. ಅವಳು ಕೊಡುವುದು ತನ್ನ ಬದುಕಿನ ತುಣುಕನ್ನು. ಅದನ್ನು ಪಡೆಯುವ ಮೊದಲ ವ್ಯಕ್ತಿ ಛಾಯಾಗ್ರಾಹಕ. ಚಿತ್ರದ ಹೆಸರಿನೊಡನೆ ನಿರ್ದೇಶಕರ ಹೆಸರು ನೆನಪಿನಲ್ಲಿ ಉಳಿಯುತ್ತದೆ. ಛಾಯಾಗ್ರಾಹಕರ ಹೆಸರನ್ನು ತೆರೆಯ ಮೇಲೆ ಓದಿ ಮರೆಯುವವರೇ ಹೆಚ್ಚು. ಆದರೂ ಆ ಕ್ಷಣದಲ್ಲಿ ಎಷ್ಟು ದೂರದಲ್ಲಿ ನಿಲ್ಲಬೇಕು, ಎಷ್ಟು ಹೊತ್ತು ನೋಡಬೇಕು, ಯಾವಾಗ ಕ್ಯಾಮೆರಾವನ್ನು ಕೆಳಗಿಳಿಸಬೇಕು ಎಂಬ ನಿರ್ಣಯಗಳು ಅನೇಕ ಸಲ ಅವರೊಬ್ಬರ ಕೈಯಲ್ಲಿಯೇ ಇರುತ್ತವೆ.

ಆದವಾನಿಯ ಕನ್ನಡಿಗರಿಗೆ ಈ ಪ್ರಶ್ನೆ ಏಕೆ ಬೇಕು ಎಂದು ಯಾರಾದರೂ ಕೇಳಬಹುದು. ನಾವು ಬಹಳ ಕಾಲದಿಂದ ಪರರು ನೋಡಿ ಬರೆದ ಚಿತ್ರಗಳಲ್ಲಿಯೇ ನಮ್ಮನ್ನು ಕಾಣುತ್ತ ಬಂದವರು ಎಂಬುದೇ ಅದಕ್ಕೆ ಉತ್ತರ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ರಚನೆಯಾದಾಗ ಬಳ್ಳಾರಿ ಜಿಲ್ಲೆಯ ಆದವಾನಿ, ಆಲೂರು, ರಾಯದುರ್ಗ ತಾಲೂಕುಗಳು ಆ ರಾಜ್ಯಕ್ಕೆ ಸೇರಿದವು. ಬಳ್ಳಾರಿ ಮೈಸೂರಿಗೆ ಸೇರಿತು. ಅಂದಿನಿಂದ ಬೆಂಗಳೂರಿಗೆ ನಾವು ದೂರದ ಗಡಿನಾಡಿನವರು. ರಾಜ್ಯದ ರಾಜಧಾನಿಗೆ ಕರ್ನೂಲಿನ ಪಶ್ಚಿಮದ ಬರಡು ಸೀಮೆಯವರು. ವರುಷದಲ್ಲಿ ಎರಡು ಸಲ ಮಾತ್ರ ಕ್ಯಾಮೆರಾಗಳು ತಪ್ಪದೆ ನಮ್ಮ ಕಡೆಗೆ ತಿರುಗುತ್ತವೆ. ಒಂದು, ವಿಜಯದಶಮಿಯ ರಾತ್ರಿ ಹೊಳಗುಂದ ಮಂಡಲದ ದೇವರಗಟ್ಟಿನ ಕಡೆಗೆ. ಇನ್ನೊಂದು, ಕೋಸಿಗಿ, ಕೌತಾಳ, ಪೆದ್ದಕಡಬೂರು ಕಡೆಯ ಜನ ಮನೆಗೆ ಬೀಗ ಹಾಕಿ ಗುಂಟೂರಿನ ಮೆಣಸಿನಕಾಯಿ ಹೊಲಗಳಿಗೆ ಹೊರಡುವಾಗ. ಒಂದು ಚಿತ್ರದಲ್ಲಿ ನಾವು ಬಡಿದಾಡುವವರು, ಇನ್ನೊಂದರಲ್ಲಿ ಊರು ಬಿಡುವವರು. ಎರಡೂ ಸುಳ್ಳಲ್ಲ. ಆದರೆ ಇವೆರಡರಲ್ಲಿಯೇ ನಾವು ಮುಗಿಯುವುದಿಲ್ಲ ಎಂಬುದನ್ನು ಹೇಳಿಕೊಳ್ಳುವ ಅವಕಾಶ ನಮಗೆ ಸಿಗುವುದು ಅಪರೂಪ.

ಈ ವಿಚಾರಕ್ಕೆ ಆಧಾರವಾಗಿ ಒಬ್ಬರ ಕೆಲಸವನ್ನು ನೆನೆಯಬಹುದು. ನವ್ರೋಜ್ ಕಂಟ್ರಾಕ್ಟರ್ ಅವರು ಬರೋಡಾದಲ್ಲಿ ಲಲಿತಕಲೆಯನ್ನೂ ಪುಣೆಯ ಚಲನಚಿತ್ರ ಸಂಸ್ಥೆಯಲ್ಲಿ ಛಾಯಾಗ್ರಹಣವನ್ನೂ ಕಲಿತು, ಬೆಂಗಳೂರನ್ನು ತಮ್ಮ ಊರನ್ನಾಗಿ ಮಾಡಿಕೊಂಡವರು. ಮಣಿ ಕೌಲ್ ಅವರ 1973ರ 'ದುವಿಧಾ' ಚಿತ್ರದ ಛಾಯಾಗ್ರಹಣದಿಂದ ಸಿನಿಮಾ ಬಲ್ಲವರ ನಡುವೆ ಅವರ ಹೆಸರು ನಿಂತಿತು. ಬಣ್ಣ, ಬೆಳಕು, ಚೌಕಟ್ಟುಗಳ ಸೊಗಸಿನಲ್ಲಿ ಅಂಥ ಹೆಸರು ಪಡೆದವರು ಕಥಾಚಿತ್ರಗಳಲ್ಲಿಯೇ ಸುಖವಾಗಿ ಉಳಿಯಬಹುದಿತ್ತು. ಆದರೆ 1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಅವರೊಡನೆ ಸೇರಿ ಬೆಂಗಳೂರಿನಲ್ಲಿ 'ಯುಗಾಂತರ' ಎಂಬ ಚಿತ್ರತಂಡವನ್ನು ಕಟ್ಟಿದರು. ಆ ತಂಡ ಮೂರ್ನಾಲ್ಕು ವರುಷಗಳಲ್ಲಿ ನಾಲ್ಕು ಕಿರುಚಿತ್ರಗಳನ್ನು ಮಾಡಿತು. ಪುಣೆಯ ಮನೆಗೆಲಸದ ಹೆಂಗಸರನ್ನು ಕುರಿತ 'ಮೋಲ್ಕರೀಣ್', ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಣ್ಣಾಳುಗಳನ್ನು ಕುರಿತ 'ತಂಬಾಕು ಚಾಕಿಲಾ ಊಬ್ ಆಲಿ', ಚಿಪ್ಕೋ ಚಳವಳಿಯ ಹೆಣ್ಣುಮಗಳೊಬ್ಬಳನ್ನು ಕುರಿತ 'ಸುದೇಶಾ', ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯೊಡನೆ ತೆಲುಗಿನಲ್ಲಿ ಮಾಡಿದ 'ಇದಿ ಕಥ ಮಾತ್ರಮೇನಾ' ಇವೇ ಆ ನಾಲ್ಕು. 2023ರ ಜೂನ್ ತಿಂಗಳಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಳ್ಳುವವರೆಗೂ ಕಂಟ್ರಾಕ್ಟರ್ ಅವರು ಬೆಂಗಳೂರಿನವರಾಗಿಯೇ ಇದ್ದರು.

ಇವುಗಳಲ್ಲಿ 1982ರ ನಿಪ್ಪಾಣಿಯ ಚಿತ್ರ ನಮ್ಮಂಥವರಿಗೆ ಹೆಚ್ಚು ಹತ್ತಿರ. ನಿಪ್ಪಾಣಿಯೂ ಗಡಿಯ ಊರು. ರಾಜ್ಯ ಕರ್ನಾಟಕ, ತಂಬಾಕಿನ ಧೂಳಿನಲ್ಲಿ ಕೂತು ದುಡಿಯುತ್ತಿದ್ದ ಆ ಹೆಂಗಸರ ಮಾತು ಮರಾಠಿ. ರಾಜ್ಯ ಒಂದು, ಮನೆಮಾತು ಇನ್ನೊಂದು ಎಂಬ ಸ್ಥಿತಿ ನಮಗೆ ವಿವರಿಸಬೇಕಾದುದಲ್ಲ. ಬೆಂಗಳೂರಿನಿಂದ ಹೋದ ತಂಡ ಅಲ್ಲಿ ಸುಮಾರು ನಾಲ್ಕು ತಿಂಗಳು ಆ ಹೆಂಗಸರ ಜೊತೆ ಕಾಲ ಕಳೆಯಿತು. ಅವರ ಮಾತನ್ನು ಕೇಳಿತು. ಅವರ ಸಂಘಟನೆಯ ಸಭೆಗಳಲ್ಲಿ ಕೂತಿತು. ಇಪ್ಪತ್ತೈದು ನಿಮಿಷಗಳ ಆಸುಪಾಸಿನ ಚಿತ್ರ. ಅದರ ಹಿಂದೆ ನಾಲ್ಕು ತಿಂಗಳ ಒಡನಾಟ. ಚಿತ್ರದಲ್ಲಿ ಹೆಂಗಸರು ಮರಾಠಿಯಲ್ಲಿಯೇ ತಮ್ಮ ಕಥೆಯನ್ನು ತಾವೇ ಹೇಳುತ್ತಾರೆ.

ಆ ಕಾಲದ ತಾಂತ್ರಿಕ ಮಿತಿಯನ್ನೂ ಇಲ್ಲಿ ನೆನೆಯಬೇಕು. 16 ಮಿಲಿಮೀಟರ್ ಫಿಲ್ಮಿನ 400 ಅಡಿಯ ಒಂದು ಸುರುಳಿ ಹನ್ನೊಂದು ನಿಮಿಷದಲ್ಲಿ ಓಡಿ ಮುಗಿಯುತ್ತದೆ. ಕಚ್ಚಾ ಫಿಲ್ಮಿಗೂ, ಅದನ್ನು ಸಂಸ್ಕರಿಸುವುದಕ್ಕೂ ಹಣ ಬೇಕು. ಅಂಥ ತಂಡಗಳಲ್ಲಿ ಹಣವಿರುತ್ತಿದ್ದುದು ಅಷ್ಟರಲ್ಲಿಯೇ. ಆದ್ದರಿಂದ ಕ್ಯಾಮೆರಾದ ಗುಂಡಿ ಒತ್ತುವ ಮುನ್ನ ಯಾರನ್ನು, ಏಕೆ, ಯಾವಾಗ ಚಿತ್ರಿಸಬೇಕೆಂಬುದು ತಿಳಿದಿರಬೇಕಾಗಿತ್ತು. ತಿಳಿಯಬೇಕಾದರೆ ಮೊದಲು ಜೊತೆಗೆ ಕೂಡಬೇಕು, ಮಾತಾಡಬೇಕು. ಬಡತನವೇ ಒಂದು ಬಗೆಯ ಶಿಸ್ತನ್ನು ಕಲಿಸುತ್ತಿತ್ತು. ಈಗಿನ ಮೊಬೈಲು ಫೋನಿನಲ್ಲಿ ಆ ಕಡಿವಾಣವಿಲ್ಲ. ಮೊದಲು ಚಿತ್ರಿಸಿಕೊಂಡು ಆಮೇಲೆ ಯೋಚಿಸಬಹುದು. ಉಪಕರಣ ಹೇರುತ್ತಿದ್ದ ಸಂಯಮವನ್ನು ಈಗ ಹಿಡಿದವರೇ ತಂದುಕೊಳ್ಳಬೇಕಾಗಿದೆ.

ಸಾಕ್ಷ್ಯಚಿತ್ರದ ಛಾಯಾಗ್ರಾಹಕರ ಶೈಲಿ ಎಂದರೆ ಏನು ಎಂಬುದನ್ನು ಇಲ್ಲಿಂದ ವಿಚಾರಿಸಬಹುದು. ಶೈಲಿ ಎಂದೊಡನೆ ನಾವು ಚೆಲುವಾದ ಚೌಕಟ್ಟು, ಹೊಂಬಿಸಿಲು, ಮೋಡದ ಹಿನ್ನೆಲೆಗಳನ್ನು ನೆನೆಯುತ್ತೇವೆ. ಆದರೆ ಈ ಕೆಲಸದಲ್ಲಿ ಶೈಲಿಯ ಪ್ರತಿಯೊಂದು ಅಂಶದ ಒಳಗೂ ನೀತಿಯ ನಿರ್ಣಯವೊಂದು ಅಡಗಿರುತ್ತದೆ. ದೂರದ ವಸ್ತುವನ್ನು ಹತ್ತಿರ ತರುವ ಉದ್ದನೆಯ ಮಸೂರವಿದ್ದರೆ ರಸ್ತೆಯ ಆಚೆ ನಿಂತು ಒಬ್ಬಳ ಕಣ್ಣೀರನ್ನು ಅವಳಿಗೆ ತಿಳಿಯದಂತೆ ಹಿಡಿಯಬಹುದು. ಅಗಲ ನೋಟದ ಮಸೂರವಿದ್ದರೆ ಅದೇ ಮುಖಕ್ಕಾಗಿ ಅವಳ ಹತ್ತಿರ ಹೋಗಿ ನಿಲ್ಲಬೇಕು. ಹೋದ ಮೇಲೆ ಅವಳು 'ಬೇಡ' ಎನ್ನಬಹುದು. ನೆಲದ ಮೇಲೆ ಕೂತು ಕೆಲಸ ಮಾಡುವವರನ್ನು ನಿಂತು ಚಿತ್ರಿಸಿದರೆ ಅವರು ನಮ್ಮ ಕಾಲ ಬಳಿ ಇರುವವರಂತೆ ಕಾಣುತ್ತಾರೆ. ತಾನೂ ನೆಲಕ್ಕೆ ಕೂತು ಚಿತ್ರಿಸಿದರೆ ಅವರ ಕಣ್ಣು ನೋಡುವವರ ಕಣ್ಣಿಗೆ ಸಮವಾಗುತ್ತದೆ. ಮಾತು ಮುಗಿಯುವ ಮುನ್ನವೇ ಕ್ಯಾಮೆರಾವನ್ನು ಬೇರೆಡೆಗೆ ತಿರುಗಿಸಿದರೆ ಆಡುವವರ ಮಾತಿಗೆ ಬೆಲೆಯಿಲ್ಲವೆಂದಂತೆ. ಮಾತು ನಿಂತ ಮೇಲೂ ಕ್ಷಣಕಾಲ ಕಾದರೆ ಅವರ ಮೌನವೂ ನಮಗೆ ಕೇಳಿಸುತ್ತದೆ. ಕತ್ತಲ ಗುಡಿಸಲಿಗೆ ಪ್ರಖರ ದೀಪ ಹೊತ್ತು ತಂದರೆ ಬಡತನ ಸ್ಪಷ್ಟವಾಗಿ ಕಾಣಬಹುದು; ಆದರೆ ಆ ಮನೆಯವರು ಯಾವ ಬೆಳಕಿನಲ್ಲಿ ಬದುಕುತ್ತಾರೆಂಬುದು ಕಾಣದು.

ಇಲ್ಲಿ ಎರಡು ಆಕ್ಷೇಪಗಳು ಏಳುತ್ತವೆ, ಎರಡೂ ಬಲವಾದವು. ಚಿತ್ರಿಸುವವರೂ ಚಿತ್ರಿತರಾಗುವವರೂ ಇಷ್ಟು ಹತ್ತಿರವಾದರೆ ಸತ್ಯ ಕೆಡುವುದಿಲ್ಲವೇ ಎಂಬುದು ಮೊದಲನೆಯದು. ಒಪ್ಪಿಗೆ ಕೊಟ್ಟವರು ತಮಗೆ ಬೇಕಾದಂತೆ ನಟಿಸಬಹುದು. ಗೆಳೆತನ ಮಾಡಿದ ಛಾಯಾಗ್ರಾಹಕರು ಅಪ್ರಿಯವಾದುದನ್ನು ಬಿಟ್ಟುಬಿಡಬಹುದು. ಸಾಕ್ಷ್ಯಚಿತ್ರದ ಇತಿಹಾಸದ ಆರಂಭದಲ್ಲಿಯೇ ಈ ಸಮಸ್ಯೆ ಇದೆ. 1922ರಲ್ಲಿ ಬಂದ ರಾಬರ್ಟ್ ಫ್ಲಾಹರ್ಟಿಯವರ 'ನಾನೂಕ್ ಆಫ್ ದಿ ನಾರ್ತ್' ಉತ್ತರ ಕೆನಡಾದ ಇನ್ಯೂಟ್ ಜನರ ಬದುಕನ್ನು ತೋರಿಸಿ ಜಗತ್ತನ್ನೇ ಬೆರಗುಗೊಳಿಸಿತು. ಆದರೆ ಮಂಜಿನ ಮನೆಯ ಒಳಗೆ ಬೆಳಕು ಸಾಲದೆಂದು ಅರ್ಧ ತೆರೆದ ಮನೆಯೊಂದನ್ನು ಕ್ಯಾಮೆರಾಕ್ಕಾಗಿಯೇ ಕಟ್ಟಿಸಲಾಗಿತ್ತು. ಬಂದೂಕು ಬಳಸಲು ಕಲಿತಿದ್ದ ಜನರಿಂದ ಹಳೆಯ ಈಟಿಯ ಬೇಟೆಯನ್ನು ಮಾಡಿಸಲಾಗಿತ್ತು. ಆ ಜನ ಫ್ಲಾಹರ್ಟಿಯವರಿಗೆ ಮನಸಾರೆ ನೆರವಾದರೆಂಬುದೂ ನಿಜವೇ. ಅಂದಮೇಲೆ ಒಪ್ಪಿಗೆಯೊಂದೇ ಸತ್ಯಕ್ಕೆ ಜಾಮೀನಲ್ಲ. ಆದರೆ ದೂರವೂ ಜಾಮೀನಾಗುವುದಿಲ್ಲ. ಫ್ಲಾಹರ್ಟಿಯವರ ಚಿತ್ರದಲ್ಲಿ ಕೊರತೆಯಾದದ್ದು ಆ ಜನರು ಅಂದು ಹೇಗೆ ಬದುಕುತ್ತಿದ್ದರೋ ಹಾಗೆ ಅವರನ್ನು ಕಾಣುವ ಇಚ್ಛೆ. ನೋಡುವವರು ಬಯಸಿದ ಪುರಾತನ ಮಾನವನ ಚಿತ್ರವನ್ನು ಅವರ ಮೇಲೆ ಹೊದಿಸಲಾಯಿತು. ನಿಪ್ಪಾಣಿಯ ಹೆಂಗಸರಿಗೆ ಅಂಥ ಹೊದಿಕೆ ಬೀಳಲಿಲ್ಲ. ಅವರು ಅಲ್ಲಿ ಕೂಲಿಯ ಲೆಕ್ಕ ಬಲ್ಲವರು, ಮುಷ್ಕರ ಹೂಡುವವರು, ವಾದ ಮಾಡುವವರು. ಹತ್ತಿರ ಹೋದುದರಿಂದಲೇ ಅವರ ಬುದ್ಧಿ ಕಂಡಿತು.

ಎರಡನೆಯ ಆಕ್ಷೇಪ ಇದಕ್ಕಿಂತ ಕಠಿಣ. ಒಪ್ಪಿಗೆ ಬೇಕೇ ಬೇಕೆಂದರೆ ಬಲವುಳ್ಳವರ ಅನ್ಯಾಯವನ್ನು ಚಿತ್ರಿಸುವವರು ಯಾರು? ಯಾವ ಮುಖಂಡರು ತಮ್ಮ ದ್ವೇಷದ ಮಾತನ್ನು ಚಿತ್ರಿಸಿಕೊಳ್ಳಲು ಕರೆಯುತ್ತಾರೆ? ಕಂಟ್ರಾಕ್ಟರ್ ಅವರೇ ಛಾಯಾಗ್ರಹಣ ಮಾಡಿದ, ದೀಪಾ ಧನರಾಜ್ ನಿರ್ದೇಶನದ 'ಕ್ಯಾ ಹುವಾ ಇಸ್ ಶಹರ್ ಕೋ?' ಎಂಬ 1986ರ ಚಿತ್ರ 1984ರ ಹೈದರಾಬಾದ್ ಕೋಮುಗಲಭೆಯನ್ನು ಕುರಿತದ್ದು. ಅಲ್ಲಿ ಮೆರವಣಿಗೆಗಳಿವೆ, ರಾಜಕಾರಣದ ಭಾಷಣಗಳಿವೆ. ನಡುವೆ ಹಳೆಯ ಊರಿನ ಬಡವರ ಬದುಕೂ ಇದೆ. ವೇದಿಕೆಯ ಮೇಲೆ ನಿಂತು ಸಾವಿರಾರು ಜನರಿಗೆ ಮಾತನಾಡುವವರು ಲೋಕದ ಕಣ್ಣಿಗೆ ತಮ್ಮನ್ನು ತಾವೇ ಒಡ್ಡಿಕೊಂಡಿರುತ್ತಾರೆ. ಗಲಭೆಯಲ್ಲಿ ಮನೆ ಕಳೆದುಕೊಂಡವಳು ಹಾಗೆ ಒಡ್ಡಿಕೊಂಡಿಲ್ಲ. ಆದ್ದರಿಂದ ಒಪ್ಪಿಗೆಯ ನಿಯಮ ಎಲ್ಲರಿಗೂ ಒಂದೇ ಆಗಿರಲಾರದು. ಅಧಿಕಾರ ಎಲ್ಲಿ ಹೆಚ್ಚಿದೆಯೋ ಅಲ್ಲಿ ಕ್ಯಾಮೆರಾಕ್ಕೆ ಸಲುಗೆ ಹೆಚ್ಚಿರಬೇಕು. ಅಧಿಕಾರವಿಲ್ಲದವರ ಮುಂದೆ ಸಂಕೋಚ ಹೆಚ್ಚಿರಬೇಕು. ನಮ್ಮ ದಿನನಿತ್ಯದ ಸುದ್ದಿಚಿತ್ರಗಳಲ್ಲಿ ಬಹುಪಾಲು ಇದಕ್ಕೆ ವಿರುದ್ಧವಾಗಿಯೇ ನಡೆಯುತ್ತದೆ. ಮಂತ್ರಿಗಳ ಬಾಗಿಲಲ್ಲಿ ಅಪ್ಪಣೆಗಾಗಿ ಕಾಯುವ ಕ್ಯಾಮೆರಾ ಸತ್ತವರ ಮನೆಯ ಬಾಗಿಲಲ್ಲಿ ಕಾಯುವುದಿಲ್ಲ.

ಆದರೂ ಈ ನಿಯಮ ಎಲ್ಲ ತೊಡಕನ್ನೂ ಬಿಡಿಸದು. ಇದೇ ಇಬ್ಬರ 1991ರ 'ಸಮ್‌ಥಿಂಗ್ ಲೈಕ್ ಎ ವಾರ್' ಚಿತ್ರ ಭಾರತದ ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಂಗಸರ ಮೇಲೆ ನಡೆದ ಬಲವಂತವನ್ನು ಕುರಿತದ್ದು. ಅದರಲ್ಲಿ ಶಸ್ತ್ರಚಿಕಿತ್ಸೆಯ ಶಿಬಿರವೊಂದಿದೆ. ಒಬ್ಬಳಾದ ಮೇಲೆ ಒಬ್ಬಳಂತೆ ಹೆಂಗಸರಿಗೆ ಅವಸರದಲ್ಲಿ ಶಸ್ತ್ರಚಿಕಿತ್ಸೆ ನಡೆಯುತ್ತದೆ. ವೈದ್ಯರು ತಮ್ಮ ವೇಗದ ಬಗೆಗೆ ಹೆಮ್ಮೆಪಡುತ್ತಾರೆ. ಅದೇ ಚಿತ್ರದಲ್ಲಿ ಹೆಂಗಸರು ಒಟ್ಟಾಗಿ ಕೂತು, ಹೆಣ್ಣಿನ ಶರೀರದ ಚಿತ್ರ ಬಿಡಿಸಿ, ತಮ್ಮ ಮೈಯ ಬಗೆಗೆ ತಾವೇ ಮಾತಾಡಿಕೊಳ್ಳುವ ಭಾಗವೂ ಇದೆ. ಅಲ್ಲಿ ಅವರು ಮಾತಿನ ಒಡೆಯರು. ಶಿಬಿರದಲ್ಲಿ ಮಲಗಿದವಳು ಯಾವುದರ ಒಡೆಯಳೂ ಅಲ್ಲ. ಆ ದೃಶ್ಯವನ್ನು ಚಿತ್ರಿಸದಿದ್ದರೆ ಅನ್ಯಾಯಕ್ಕೆ ಸಾಕ್ಷಿ ಇರುತ್ತಿರಲಿಲ್ಲ. ಚಿತ್ರಿಸಿದರೆ, ಎದ್ದು ಕೂಡಲೂ ಆಗದವಳನ್ನು ನಾವೂ ನೋಡಿದಂತಾಗುತ್ತದೆ. ಈ ಎರಡರ ನಡುವಿನ ಸಂಕಟಕ್ಕೆ ಸುಲಭವಾದ ಪರಿಹಾರವಿದೆಯೆಂದು ನಮಗೆ ತೋರುವುದಿಲ್ಲ. ಒಂದು ಮಾತನ್ನು ಮಾತ್ರ ಹೇಳಬಹುದು. ಅಸಹಾಯಕಳಾಗಿ ಮಲಗಿದ ಹೆಣ್ಣನ್ನು ತೋರಿಸುವ ಚಿತ್ರಕ್ಕೆ, ಎದ್ದು ಕೂತು ಮಾತನಾಡುವ ಹೆಣ್ಣನ್ನೂ ತೋರಿಸುವ ಕರ್ತವ್ಯವಿದೆ. ಮೊದಲನೆಯದನ್ನು ಮಾತ್ರ ತೋರಿಸಿ ನಿಲ್ಲಿಸಿದರೆ ಅದು ಕನಿಕರವನ್ನು ಹುಟ್ಟಿಸೀತು, ಗೌರವವನ್ನು ಹುಟ್ಟಿಸಲಾರದು.

ಈ ಅಳತೆಗೋಲನ್ನು ಹಿಡಿದು ನಮ್ಮ ಸೀಮೆಗೆ ಬರೋಣ. ದೇವರಗಟ್ಟಿನ ಬನ್ನಿ ಉತ್ಸವವನ್ನು ಬಲ್ಲವರಿಗೆ ಅದರ ಪೂರ್ವಾಪರ ಗೊತ್ತು. ಗುಡ್ಡದ ಮೇಲಿನ ಮಾಳ ಮಲ್ಲೇಶ್ವರನಿಗೆ ವಿಜಯದಶಮಿಯ ನಡುರಾತ್ರಿ ಕಲ್ಯಾಣೋತ್ಸವ. ಆಮೇಲೆ ದೀವಟಿಗೆಗಳ ಬೆಳಕಿನಲ್ಲಿ ಉತ್ಸವಮೂರ್ತಿಗಳ ಮೆರವಣಿಗೆ. ಮೂರ್ತಿಗಳಿಗಾಗಿ ಊರೂರಿನ ಜನರ ಕೋಲುಗಳ ತಾಕಲಾಟ. ಬೆಳಗಿನ ಹೊತ್ತಿಗೆ ಕಾರ್ಣಿಕ. ಗಡಿಯ ಆಚೆಯ ಬಳ್ಳಾರಿ ಕಡೆಯಿಂದಲೂ ಭಕ್ತರು ಬರುತ್ತಾರೆ. ನೆರಣಿಕಿ ಮತ್ತು ಸುತ್ತಲಿನ ಊರಿನವರು ಮುಂಚಿನ ದಿನಗಳಲ್ಲಿ ವ್ರತದಲ್ಲಿರುತ್ತಾರೆ. ಹಾಲು ಮುಟ್ಟಿ ಪ್ರಮಾಣ ಮಾಡುತ್ತಾರೆ. ಗಾಯಕ್ಕೆ ಭಂಡಾರ ಹಚ್ಚುತ್ತಾರೆ. ದೂರದರ್ಶನದ ವಾಹಿನಿಗಳ ಒಂದೆರಡು ನಿಮಿಷಗಳ ಚಿತ್ರದಲ್ಲಿ ಇದೆಲ್ಲ ಕಳಚಿಹೋಗಿ ಕೋಲು ಮತ್ತು ಒಡೆದ ತಲೆ ಮಾತ್ರ ಉಳಿಯುತ್ತವೆ. ಈಚಿನ ವರುಷಗಳಲ್ಲಿ ಪೊಲೀಸರ ಡ್ರೋನ್ ಕ್ಯಾಮೆರಾಗಳೂ ಮೇಲಿನಿಂದ ನೋಡುತ್ತವೆ. ಅಷ್ಟು ಎತ್ತರದಿಂದ ಮನುಷ್ಯರು ಚಲಿಸುವ ದೀಪದ ಚುಕ್ಕೆಗಳಾಗಿ ಕಾಣುತ್ತಾರೆ.

ಹಾಗೆಂದು ಸಂಪ್ರದಾಯದ ಹೆಸರಿನಲ್ಲಿ ಗಾಯಗಳನ್ನು ಮುಚ್ಚಿಡಬೇಕೆಂದು ನಾವು ಹೇಳುತ್ತಿಲ್ಲ. ಪ್ರತಿವರುಷ ಅನೇಕರು ಗಾಯಗೊಳ್ಳುತ್ತಾರೆ. ಪ್ರಾಣ ಹೋದ ವರುಷಗಳೂ ಇವೆ. ಗಾಯಗೊಂಡವನ ಹೆಂಡತಿ, ಮಕ್ಕಳು, ಮುಂದಿನ ತಿಂಗಳುಗಳಲ್ಲಿ ನಿಂತುಹೋಗುವ ದುಡಿಮೆ ಇವೂ ಸತ್ಯದ ಭಾಗಗಳೇ. ನಮ್ಮವರಾದವರು ಚಿತ್ರಿಸಿದರೆ ಭಕ್ತಿಯ ಆವೇಶದಲ್ಲಿ ಇದನ್ನು ಬಿಟ್ಟುಬಿಡುವ ಅಪಾಯ ಉಂಟು. ಒಂದು ರಾತ್ರಿ ಬಂದು ಹೋಗುವ ಕ್ಯಾಮೆರಾ ವ್ರತವನ್ನು ಕಾಣದು. ಊರವರ ಅಭಿಮಾನದ ಕ್ಯಾಮೆರಾ ಗಾಯವನ್ನು ಕಾಣಬಯಸದು. ಹಾಲಿನ ಪ್ರಮಾಣದ ದಿನಕ್ಕೂ ಬಂದು, ಹಬ್ಬ ಮುಗಿದ ಹದಿನೈದು ದಿನಗಳ ಮೇಲೂ ಅದೇ ಮನೆಗೆ ಹೋಗಿ ಕೂಡಬಲ್ಲವರು ಚಿತ್ರಿಸಿದರೆ ಎರಡೂ ಕಾಣಬಹುದು.

ವಲಸೆಯ ಚಿತ್ರಗಳ ಮಾತೂ ಹೀಗೆಯೇ. ನಮ್ಮ ಕಡೆ ಗುಂಟೂರಿಗೆ ಮೆಣಸಿನಕಾಯಿ ಬಿಡಿಸಲು ಹೋಗುವುದನ್ನು 'ಸುಗ್ಗಿಗೆ ಹೋಗುವುದು' ಎನ್ನುತ್ತಾರೆ. ತನ್ನ ಹೊಲದ ಬೆಳೆ ಮನೆಗೆ ಬರುವ ಸಂತೋಷದ ಹೆಸರು ಇಲ್ಲಿ ಅನ್ಯರ ಹೊಲದಲ್ಲಿ ಕೂಲಿಗೆ ಹೋಗುವುದರ ಹೆಸರಾಗಿದೆ. ತುಂಗಭದ್ರೆ ನಮ್ಮ ಸೀಮೆಯ ಅಂಚಿನಲ್ಲಿಯೇ ಹರಿಯುತ್ತಿದ್ದರೂ ಮಳೆಯನ್ನೇ ನಂಬಿದ ಹೊಲಗಳ ಜನ ಚಳಿಗಾಲ ಬರುತ್ತಿದ್ದಂತೆ ಗಂಟು ಕಟ್ಟುತ್ತಾರೆ. ಬೀಗ ಹಾಕಿದ ಬಾಗಿಲು, ಲಾರಿಯ ಮೇಲೆ ಕೂತ ಮಕ್ಕಳು ಇವು ನಮ್ಮೆಲ್ಲರಿಗೂ ಪರಿಚಿತವಾದ ಚಿತ್ರಗಳು. ಆದರೆ 'ಸುಗ್ಗಿ' ಎಂಬ ಈ ಒಂದು ಮಾತು ಕೇಳಿಸಬೇಕಾದರೆ ಆ ಹೆಣ್ಣುಮಗಳನ್ನು ಅವಳ ಮಾತಿನಲ್ಲಿಯೇ ಮಾತನಾಡಗೊಡಬೇಕು. ಹೊಳಗುಂದದ ಕಡೆಯ ಕನ್ನಡದ ಹೆಂಗಸಿಗೆ ತೆಲುಗಿನಲ್ಲಿ ಪ್ರಶ್ನೆ ಕೇಳಿ, ಅವಳು ತಡವರಿಸಿ ಕೊಡುವ ಎರಡು ಮಾತಿನ ಉತ್ತರವನ್ನು ತೋರಿಸಿದರೆ ನೋಡುವವರಿಗೆ ಅವಳು ಮಾತು ಬಾರದವಳಂತೆ ಕಾಣುತ್ತಾಳೆ. ನಿಪ್ಪಾಣಿಯ ಚಿತ್ರದಲ್ಲಿ ಮರಾಠಿಗೆ ಸಿಕ್ಕ ಸ್ಥಾನ ಇಲ್ಲಿ ನಮ್ಮ ಗಡಿನಾಡ ಕನ್ನಡಕ್ಕೂ ಸಿಗಬೇಕಾದುದು ನ್ಯಾಯ.

ಕೊನೆಗೆ ನಮ್ಮ ಕಡೆಗೂ ನೋಡಿಕೊಳ್ಳಬೇಕು. ಇಂದು ಕ್ಯಾಮೆರಾ ಇಲ್ಲದ ಮನೆಯೇ ಇಲ್ಲವೆನ್ನಬಹುದು. ಮದುವೆ, ಜಾತ್ರೆಗಳನ್ನು ಚಿತ್ರಿಸುತ್ತೇವೆ. ಅಪಘಾತವನ್ನೂ, ಅಂತ್ಯಸಂಸ್ಕಾರವನ್ನೂ ಚಿತ್ರಿಸುತ್ತೇವೆ. ನಮ್ಮಂಥ ಸಂಘಗಳು ಹಳ್ಳಿಯ ಹಿರಿಯ ಹೆಂಗಸರ ಸೋಬಾನೆ ಪದಗಳನ್ನೂ ಬೀಸುವ ಪದಗಳನ್ನೂ ಉಳಿಸಬೇಕೆಂಬ ಸದುದ್ದೇಶದಿಂದ ಧ್ವನಿ, ಚಿತ್ರಗಳನ್ನು ಸಂಗ್ರಹಿಸುತ್ತವೆ. ಹಾಡಿದ ಅಜ್ಜಿಯನ್ನು 'ಇದನ್ನು ಯಾರ್ಯಾರಿಗೆ ತೋರಿಸಬಹುದು?' ಎಂದು ಕೇಳುವುದು, ಅವಳ ಹೆಸರನ್ನೂ ಊರನ್ನೂ ಹಾಡಿನೊಡನೆ ಬರೆದಿಡುವುದು, ಆಮೇಲೊಂದು ದಿನ ಹೋಗಿ ಅವಳ ಮನೆಯ ಜಗಲಿಯಲ್ಲಿ ಕೂತು ಅವಳಿಗೇ ಅದನ್ನು ತೋರಿಸುವುದು ಇವು ದೊಡ್ಡ ಕೆಲಸಗಳಲ್ಲ. ಇದಕ್ಕೆ ಹಣ ಬೇಡ, ಸ್ವಲ್ಪ ಕಾಲ ಬೇಕು. ಮೊದಲು ಕೇಳಿದ ಋಣದ ಪ್ರಶ್ನೆಗೆ ನಮಗೆ ತೋಚುವ ಉತ್ತರ ಇದು. ಪಡೆದುದನ್ನು ಪೂರ್ತಿಯಾಗಿ ತೀರಿಸಲು ಬಾರದು. ಆದರೆ ಪಡೆದವರ ಬಳಿಗೆ ಮರಳಿ ಹೋಗಲು ಬರುತ್ತದೆ.

ಯುಗಾಂತರದ ಚಿತ್ರಗಳನ್ನು ಈಚಿನ ವರುಷಗಳಲ್ಲಿ ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಸರಿಪಡಿಸಿ ಹೊಸ ರೂಪದಲ್ಲಿ ಉಳಿಸಿದೆ. ಹೀಗಾಗಿ ನಲವತ್ತು ವರುಷಗಳ ಹಿಂದೆ ತಂಬಾಕಿನ ಧೂಳಿನ ನಡುವೆ ಕೂತು ತಮ್ಮ ಕೂಲಿಯ ಲೆಕ್ಕ ಹೇಳಿದ ಆ ಹೆಂಗಸರನ್ನು ಇಂದಿನವರು ನೋಡಬಹುದು, ಅವರ ಮೊಮ್ಮಕ್ಕಳೂ ನೋಡಬಹುದು. ಆ ಮಕ್ಕಳು ತಮ್ಮ ಅಜ್ಜಿಯನ್ನು ತೆರೆಯ ಮೇಲೆ ಕಂಡಾಗ ನಾಚಿ ತಲೆ ತಗ್ಗಿಸುವರೋ, ಇವಳು ನಮ್ಮವಳೆಂದು ಪಕ್ಕದವರಿಗೆ ತೋರಿಸುವರೋ ಎಂಬುದು ಅಂದು ಕ್ಯಾಮೆರಾ ಹಿಡಿದವರು ನಿಂತ ಜಾಗವನ್ನು ಅವಲಂಬಿಸಿದೆ. ನಮ್ಮ ಸೀಮೆಯ ಮಕ್ಕಳಲ್ಲಿ ಯಾರಾದರೂ ಮುಂದೆ ಈ ಕೆಲಸವನ್ನು ಕೈಗೊಂಡು ದೇವರಗಟ್ಟಿಗೋ ಕೋಸಿಗಿಯ ಲಾರಿಗಳ ಬಳಿಗೋ ಹೋದರೆ, ಕ್ಯಾಮೆರಾ ಎತ್ತುವ ಮುನ್ನ ಆ ಮೊಮ್ಮಕ್ಕಳನ್ನು ಒಮ್ಮೆ ನೆನೆಯಲಿ ಎಂದು ಹಾರೈಸುತ್ತೇವೆ.